ಹತ್ತಿ ಹೊಲದ ಮೂವರು ಸೇಡಿನ ದೇವತೆಯರು

ರಾಯಚೂರಿನ ಮದುವೆ ವಿಡಿಯೊ ಸ್ಟುಡಿಯೊ ಒಂದರಲ್ಲಿ ನಾನು ಆರು ವರ್ಷ ಎಡಿಟಿಂಗ್ ಮಾಡಿದೆ. ಆಗಲೇ ರಜೆ ಹಾಕಿ ನನ್ನದೊಂದು ಸಣ್ಣ ಸಿನಿಮಾ ತೆಗೆದೆ. ಹಳೆಯ ಗ್ರೀಕರ ಪುರಾಣದಲ್ಲಿ ಸೇಡಿನ ದೇವತೆಯರು ಮೂವರಿದ್ದಾರೆ. ಅವರು ಹೆತ್ತವಳನ್ನು ಕೊಂದವನ ಬೆನ್ನು ಬಿಡುವುದಿಲ್ಲ. ದೇವದುರ್ಗದ ಕಡೆಯ, ಹತ್ತಿ ಬಿಡಿಸುವ ಮೂವರು ಹೆಂಗಸರು ನನ್ನ ಸಿನಿಮಾದಲ್ಲಿ ಆ ದೇವತೆಯರಾದರು.

'ಕಡೀಕ ಏನಾತದ ಯವ್ವಾ?' ಎಂದು ಅವರಲ್ಲಿ ಹಿರಿಯಾಕೆ ಕಥೆ ಕೇಳಿದಾಗ ಕೇಳಿದ್ದಳು.

'ಊರವ್ರು ಅವರ ಸಿಟ್ಟು ಇಳಿಸಿ, ಪೂಜಿ ಮಾಡ್ತಾರಕ್ಕಾ.'

'ಹಂಗಾದ್ರ ಅಷ್ಟು ದೂರ ಬೆನ್ನತ್ತಿ ಓಡಿದ್ದು ಯಾಕ?' ಅಂದಳು. ಆ ಕೊನೆಯನ್ನು ನಾನು ಚಿತ್ರಿಸಲೇ ಇಲ್ಲ.

ಸಿನಿಮಾದಲ್ಲಿ ಮಾತಿರಲಿಲ್ಲ, ಸಂಗೀತವಿರಲಿಲ್ಲ. ಒಣಗಿದ ಹತ್ತಿ ಕಟ್ಟಿಗೆ ಕಾಲಡಿ ಮುರಿಯುವ ಸದ್ದಷ್ಟೇ. ಕ್ಯಾಮೆರಾ ಹಿಡಿಯಲು ಕಲಿಸಿದವರೆಂದು ಸ್ಟುಡಿಯೊ ಮಾಲಕರಿಗೇ ಮೊದಲು ತೋರಿಸಿದೆ. 'ಇದನ್ನ ಯಾರು ನೋಡ್ತಾರ?' ಎಂದು ನಕ್ಕರು. ಒಂದು ಪ್ರತಿ ಅವರ ಕಂಪ್ಯೂಟರಿನಲ್ಲೇ ಉಳಿಯಿತು. ಕೆಲವೇ ತಿಂಗಳಲ್ಲಿ ಅದಕ್ಕೆ ಎಲ್ಲೋ ಬಹುಮಾನ ಬಂತು, ಅವರ ಹೆಸರಿನಲ್ಲಿ. ಹೆಸರು ಹೋದದ್ದಕ್ಕಿಂತ, ನನ್ನ ಮೌನದ ಮೇಲೆಲ್ಲ ಪಿಟೀಲು ಸುರಿದಿದ್ದರಲ್ಲ, ಅದಕ್ಕೆ ಮೈ ಉರಿಯಿತು.

ಕೇಳಲು ಹೋದರೆ, 'ಕ್ಯಾಮೆರಾ ನಂದು, ಕಲಿಸಿದಾಂವ ನಾ. ಇದರಾಗ ನಿಂದೇನದ?' ಅಂದರು. ಅಂದೇ ಕೆಲಸ ಬಿಟ್ಟೆ.

ಮಾನ್ವಿಯಲ್ಲಿ ಅವರಿಗೆ ಸನ್ಮಾನ, ಸಿನಿಮಾ ಪ್ರದರ್ಶನ ಎಂದು ತಿಳಿದಾಗ ನೇರ ದೇವದುರ್ಗಕ್ಕೆ ಹೋದೆ.

'ಮುಂದಿನ ಸಾಲಿನ್ಯಾಗ ಕುಂದರ್ರಿ ಅಕ್ಕಾ. ಯಾರರ ಕೇಳಿದ್ರ ಖರೇ ಹೇಳ್ರಿ.'

ಮೂವರೂ ಬಂದರು. ಸಿನಿಮಾ ಮುಗಿದ ಮೇಲೆ ಮಾಲಕರು ಮೈಕು ಹಿಡಿದು ಗ್ರೀಕರ ನ್ಯಾಯಚಿಂತನೆಯ ಬಗ್ಗೆ ಮಾತಾಡತೊಡಗಿದರು. ಸಭೆಯಲ್ಲೊಬ್ಬರು ಕೇಳಿದರು: 'ಈ ಹೆಣ್ಮಕ್ಕಳು ಎಲ್ಲಿ ಸಿಕ್ರು ಸರ?'

ಅವರು ಬಾಯಿ ತೆರೆಯುವ ಮೊದಲೇ ಹಿರಿಯಾಕೆ ಎದ್ದಳು. 'ನಾವ ಅವ್ರು. ಈ ಯಪ್ಪನ್ನ ಇವತ್ತ ಮೊದಲ ಸಲ ನೋಡಾಕತ್ತೀವಿ. ನಮ್ಮನ್ನ ಹೊಲದಾಗ ನಡಿಸಿದಾಕಿ ಅಲ್ಲಿ ಕುಂತಾಳ್ರಿ.'

ತಲೆಗಳೆಲ್ಲ ನನ್ನ ಕಡೆ ತಿರುಗಿದವು. ನಾನು ಮಾತ್ರ ಮಾಲಕರನ್ನೇ ನೋಡುತ್ತಿದ್ದೆ. ಮೈಕು ಕೆಳಗಿಟ್ಟು, ಕೊರಳ ಹಾರ ತೆಗೆದು ಕುರ್ಚಿಯ ಮೇಲಿಟ್ಟರು. ಕನಿಕರ ಬರಲಿಲ್ಲ. ಆ ಹಾರ ಇಳಿಯುವುದನ್ನು ಕಣ್ತುಂಬ ನೋಡಿದೆ.

ಸುದ್ದಿ ಬಹುಮಾನ ಕೊಟ್ಟವರಿಗೂ ಮುಟ್ಟಿ, ಅದು ನನ್ನ ಹೆಸರಿಗೆ ಬಂತು. ಮಾಲಕರು ಫೋನ್ ಮಾಡಿ, 'ತಪ್ಪಾತವ್ವಾ, ಇಲ್ಲಿಗೆ ಬಿಡು,' ಅಂದರು.

'ಬಿಡೂದಿಲ್ರೀ,' ಅಂದೆ.

ಮೊನ್ನೆ ರಾಯಚೂರಿನ ಮದುವೆಯೊಂದರಲ್ಲಿ ಎದುರಾದರು. ಕೂದಲು ಪೂರ್ತಿ ನರೆತಿದೆ. ದೂರದಿಂದಲೇ ಕೈ ಮುಗಿದರು. ನಾನು ಮುಗಿಯಲಿಲ್ಲ.