ಮುಳುಗಿದ ಬದುವಿನ ಕೇಸು

ಜಮಖಂಡಿ ಕೋರ್ಟಿನಲ್ಲಿ ನಾನು ಐದನೆಯ ಆರೋಪಿ. ನನ್ನ ಇಬ್ಬರು ಮಕ್ಕಳು, ಮೈದುನನ ಇಬ್ಬರು ಮಕ್ಕಳು, ಕೊನೆಗೆ ನಾನು. ಹೊಡೆದವನು ನನ್ನ ಹಿರಿಯ ಮಗ ಒಬ್ಬನೇ. ನದಿ ದಂಡೆಯ ಹೊಲದಲ್ಲಿ ನಮ್ಮ ನಡುವಿನ ಬದುವನ್ನು ಪಕ್ಕದ ಹೊಲದವನು ಕೆತ್ತಿ ಕೆತ್ತಿ ತನ್ನ ಕಡೆ ಸೇರಿಸಿಕೊಳ್ಳುತ್ತಿದ್ದ. ಮಗ ಸಲಿಕೆಯಿಂದ ಬಾರಿಸಿದ, ಅವನ ಬಲಗೈ ಮುರಿಯಿತು. ಉಳಿದ ನಾವು ಕೂಗಾಟ ಕೇಳಿ ಓಡಿಹೋದವರು. ನಾನು ಬೈದೆ, ಚೆನ್ನಾಗಿಯೇ ಬೈದೆ, ಆದರೆ ಕೈ ಎತ್ತಲಿಲ್ಲ. ಐದು ಮಂದಿ ಇದ್ದರೆ ಅಕ್ರಮ ಕೂಟ ಆಗುತ್ತದೆ, ಒಬ್ಬ ಹೊಡೆದರೂ ಎಲ್ಲರಿಗೂ ಶಿಕ್ಷೆ ಎಂದು ಯಾರೋ ಕೈ ಮುರಿಸಿಕೊಂಡವನಿಗೆ ಹೇಳಿಕೊಟ್ಟಿದ್ದರು. ಗಂಡಸರು ನಾಲ್ವರೇ. ಐದಾಗಲೆಂದು ನನ್ನ ಹೆಸರನ್ನೂ ಬರೆಸಿದ.

ಕೇಸು ನಡೆಯುತ್ತಿರುವಾಗಲೇ ಆಲಮಟ್ಟಿಯ ಹಿನ್ನೀರು ಬಂತು. ಅವನ ಹೊಲ ಮುಳುಗಿತು, ನಮ್ಮದೂ ಮುಳುಗಿತು, ಬದು ಎಲ್ಲಿತ್ತೆಂದು ತೋರಿಸಲು ಯಾರಿಗೂ ಬಾರದಂತಾಯಿತು. ಪುನರ್ವಸತಿ ಕೇಂದ್ರದಲ್ಲಿ ಜಾಗ ಹಂಚಿದಾಗ ನಮ್ಮ ಗೋಡೆಗೆ ಅವನ ಗೋಡೆ ಬಂತು. ಮುಖ ತಿರುವಿಕೊಂಡು ಬದುಕಿದೆವು. ಆಮೇಲೆ ಎತ್ತರದ ಹೊಸ ಹೊಲದಲ್ಲಿ ಎರಡೂ ಮನೆಯವರು ಕಬ್ಬು ಹಚ್ಚಿದೆವು. ಅವನ ಕೈ ಸೊಟ್ಟಗೆ ಕೂಡಿತ್ತು, ಕಬ್ಬು ಕಡಿಯುವ ಕೊಯ್ತಾ ಹಿಡಿಯಲು ಬರುತ್ತಿರಲಿಲ್ಲ.

ನಮ್ಮ ಕಡೆ ಮುಯ್ಯಿ ಎಂಬುದಿದೆ. ಇಂದು ನಮ್ಮವರು ನಿಮ್ಮ ಹೊಲಕ್ಕೆ ದುಡಿದರೆ, ನಾಳೆ ನಿಮ್ಮವರು ನಮ್ಮ ಹೊಲಕ್ಕೆ. ಒಂದು ಬೆಳಿಗ್ಗೆ ಅವನ ಹೆಂಡತಿ ಗೋಡೆಯಾಚೆ ನಿಂತು ಕೇಳಿದಳು.

"ಏನಬೇ, ಕೈ ಮುರದಾವ ನಿನ್ನ ಮಗ. ಅವನಽ ಬಂದು ನಮ್ಮ ಕಬ್ಬು ಕಡೀಲಿ. ನಾ ನಿಮ್ಮ ಹೊಲಕ್ಕ ಕಳೆ ತಗ್ಯಾಕ ಬರ್ತೀನಿ."

"ಬದು ಕಡದಾವ ನಿನ್ನ ಗಂಡ," ಎಂದೆ. "ಕಳಸ್ತೀನಿ ಹೋಗು."

ಹಾಗೆ ಶುರುವಾಯಿತು. ಯಾರೂ ಯಾರ ಕಾಲಿಗೂ ಬೀಳಲಿಲ್ಲ.

ಅಷ್ಟರಲ್ಲಿ ಕೆಳಗಿನ ಕೋರ್ಟು ಐವರಿಗೂ ಎರಡೆರಡು ವರ್ಷ ಸಜೆ ಹೇಳಿತು. ಹೊಡೆದವನಿಗೂ ಅಷ್ಟೇ, ಬೈದವಳಿಗೂ ಅಷ್ಟೇ. ವಕೀಲರು ಮೇಲಿನ ಕೋರ್ಟಿಗೆ ಅಪೀಲು ಹಾಕಿ ನಮ್ಮನ್ನು ಜಾಮೀನಿನ ಮೇಲೆ ಹೊರಗಿಟ್ಟರು. ನನಗೆ ಜೈಲಿನ ಭಯ ಇರಲಿಲ್ಲ. ಆದರೆ ಗಂಡು ಮಕ್ಕಳೆಲ್ಲ ಒಮ್ಮೆಗೇ ಒಳಗೆ ಹೋದರೆ ಎರಡು ಮನೆ, ಸೊಸೆಯಂದಿರು, ಕೂಸುಗಳು ಏನಾಗಬೇಕು?

ಅಪೀಲಿನ ವಿಚಾರಣೆ ದಿನ ನಾವು ಐವರೂ, ಕೈ ಮುರಿಸಿಕೊಂಡವನೂ ಒಂದೇ ಬಸ್ಸಿನಿಂದ ಇಳಿದೆವು. ನಾನು ತಂದ ರೊಟ್ಟಿಯನ್ನು ಕೋರ್ಟಿನ ಬೇವಿನ ಗಿಡದ ಕೆಳಗೆ ಅವನೂ ತಿನ್ನುತ್ತಿದ್ದ. ವಕೀಲರು ನೋಡಿ ಗಾಬರಿಯಾದರು.

"ಏನ ಅಜ್ಜಿ ಇದು? ಫಿರ್ಯಾದಿ ಜೋಡಿ ಕುಂತು ಉಣ್ಣಾಕತ್ತೀರಲ್ಲ?"

"ಅವಗ ಹಸದೈತ್ರಿ," ಎಂದೆ.

ವಕೀಲರು ಬಿಡಿಸಿ ಹೇಳಿದರು. ಸಲಿಕೆಯಿಂದ ಎಲುಬು ಮುರಿದ ಕಲಮು ರಾಜಿಯಾದರೆ ಬಿಟ್ಟುಹೋಗುವಂಥದ್ದಲ್ಲ, ಶಿಕ್ಷೆ ಇಳಿಸುವುದು ಮಾತ್ರ ಜಡ್ಜರ ಕೈಯಲ್ಲಿದೆ. ಒಳಗೆ ಹೋದಾಗ, ರಾಜಿಯಾಗಿದೆ, ಫಿರ್ಯಾದಿಗೆ ನಮ್ಮ ಶಿಕ್ಷೆ ಬೇಡವಂತೆ ಎಂದು ವಕೀಲರು ಜಡ್ಜರಿಗೆ ಹೇಳಿದರು.

ಜಡ್ಜರು ಅವನನ್ನು ಮುಂದೆ ಕರೆದರು. "ನಿಮ್ಮನ್ನು ಯಾರಾದರೂ ಹೆದರಿಸಿ ರಾಜಿ ಮಾಡಿಸಿದ್ದಾರೆಯೇ?"

"ಯಾರೂ ಹೆದರಿಸಿಲ್ರೀ. ಈ ಮುದುಕೀ ಬಾಯಿಗೆ ಹೆದರ್ತೀನಿ, ಅದು ಮೊದಲಿಂದೂ ಐತ್ರಿ."

ಕೋರ್ಟಿನಲ್ಲಿ ನಗು ಎದ್ದಿತು.

"ಮತ್ತೆ ಹೊಡೆದ ಇವನಿಗೆ ಶಿಕ್ಷೆ ಯಾಕೆ ಬೇಡ ಅನ್ನುತ್ತೀರಿ?"

"ಇವನ ಒಳಗ ಹಾಕಿದ್ರ ನನ್ನ ಕಬ್ಬು ಯಾರ್ ಕಡೀಬೇಕ್ರೀ? ಕಬ್ಬು ಒಯ್ಯಾಕ ಫ್ಯಾಕ್ಟರಿ ಪಾಳಿ ಬಂದೈತಿ."

"ನಿಮ್ಮ ಕೈ ಮುರಿದವನು ನಿಮ್ಮ ಕಬ್ಬು ಕಡಿಯುತ್ತಾನೆಯೇ?"

"ಮತ್ಯಾರ್ ಕಡೀಬೇಕ್ರೀ ಸಾಹೇಬ್ರ? ಮುರದಾವ ಅವನಽ ಅಲ್ಲೇನ್ರಿ?"

ಜಡ್ಜರು ಪೆನ್ನು ಕೆಳಗಿಟ್ಟು ಅವನ ಸೊಟ್ಟ ಕೈ ನೋಡಿದರು, ನನ್ನ ಮಗನ ಕೈ ನೋಡಿದರು. ಮಗನ ಅಂಗೈಯೆಲ್ಲ ಕಬ್ಬಿನ ಸೀಳುಗಾಯ.

ತೀರ್ಪು ಮುಂದಿನ ವಾರ ಬಂತು. ಮತ್ತೆ ಅದೇ ಬಸ್ಸು, ಅದೇ ಆರು ಮಂದಿ. ಕೂಗು ಕೇಳಿ ಬಂದು ನಿಂತವರೆಲ್ಲ ಹೊಡೆಯಲು ಕೂಡಿದವರಾಗುವುದಿಲ್ಲ ಎಂದು ಜಡ್ಜರು ನಾಲ್ವರನ್ನು ಬಿಟ್ಟರು. ನಾನೂ ಅದರಲ್ಲಿ ಒಬ್ಬಳು. ಅದು ನನ್ನ ಕಿವಿಗೆ ಬೀಳಲೇ ಇಲ್ಲ, ಹಿರಿಯ ಮಗನ ಬೆನ್ನನ್ನೇ ನೋಡುತ್ತಿದ್ದೆ. ಅವನ ತಪ್ಪು ತಪ್ಪೇ ಎಂದರು. ಎರಡು ವರ್ಷ ರದ್ದು, ದಂಡ ಕಟ್ಟಿ ಸಂಜೆ ಕೋರ್ಟು ಮುಗಿಯುವ ತನಕ ಇಲ್ಲೇ ಕೂತಿದ್ದರೆ ಅದೇ ಸಜೆ ಎಂದರು. ನಾನು ವಕೀಲರ ಕರಿ ಕೋಟು ಹಿಡಿದು ಜಗ್ಗಿದೆ.

"ಖರೇನೇನ್ರೀ?"

"ಖರೆ ಅಜ್ಜಿ. ಕೋಟು ಬಿಡು."

ಮಗ ಮೂಲೆಯ ಬೆಂಚಿನಲ್ಲಿ ಪೊಲೀಸಿನ ಪಕ್ಕ ಕೂತ. ನಾನು ಕಿಟಕಿಯಿಂದ ಕಿಟಕಿಗೆ ಓಡಾಡಿದೆ. ಜವಾನ ಎರಡು ಸಲ ಗದರಿಸಿದ, ನಾನೂ ಗದರಿಸಿದೆ. ಬಿಸಿಲು ಇಳಿದ ಮೇಲೆ ಜಡ್ಜರು ಎದ್ದು ಒಳಗೆ ಹೋದರು, ಪೊಲೀಸು ಮಗನ ಬೆನ್ನು ತಟ್ಟಿ ಬಾಗಿಲು ತೋರಿಸಿದ. ಹೊರಗೆ ಬಂದವನನ್ನು ನಾನು ಮುಟ್ಟುವ ಮೊದಲೇ ಸೊಟ್ಟ ಕೈಯವನು ಹೆಗಲು ಹಿಡಿದು ತಳ್ಳಿದ.

"ನಡೀಲೇ, ಬಸ್ಸು ಹೊಂಟೈತಿ."

ನಾನು ಸೀರೆ ಎತ್ತಿ ಕಟ್ಟಿಕೊಂಡು ಅವರಿಬ್ಬರಿಗಿಂತ ಮುಂದೆ ಓಡಿ, ಬಸ್ಸಿನ ಮುಂದೆ ಎರಡೂ ಕೈ ಚಾಚಿ ನಿಂತೆ.