ಕೊಬ್ಬರಿ ಎಣ್ಣೆಯಲ್ಲಿ ಕ್ಯಾಪ್ರೆಲ್ಲಾ

ಚಳಿಗಾಲದ ಬೆಳಗ್ಗೆ ಎದ್ದು ನೋಡಿದರೆ ನನ್ನ ಮೇಜಿನ ಮೇಲಿನ ಪುಟ್ಟ ಶೀಶೆ ಬೆಳ್ಳಗೆ ಹೆಪ್ಪುಗಟ್ಟಿರುತ್ತದೆ. ತಲೆಗೆ ಹಚ್ಚುವ ಎಣ್ಣೆಯೆಂದು ಕೈಯೊಡ್ಡಿದ ನೆಂಟರಿದ್ದಾರೆ. ನನ್ನ ತಲೆಯ ಸ್ಥಿತಿ ನೋಡಿ, ಇವರಿಗೇಕಪ್ಪಾ ಎಣ್ಣೆ ಎಂದು ನಕ್ಕವರೂ ಇದ್ದಾರೆ. ಅದರೊಳಗಿರುವುದು ಒಂದು ಸಮುದ್ರಜೀವಿ, ಸ್ವಾಮಿ. ಜೊತೆಗೆ ನನ್ನ ಹಟ.

ಎಪ್ಪತ್ತರ ದಶಕದ ಕೊನೆಯಲ್ಲಿ ತಿಪಟೂರಿನಲ್ಲಿ ಪ್ರಾಣಿಶಾಸ್ತ್ರದ ಮೇಷ್ಟ್ರಾಗಿದ್ದ ನನಗೆ, ಹೊನ್ನಾವರದ ಪ್ರವಾಸದಲ್ಲಿ ಕಡಲಪಾಚಿಯಿಂದ ಉದುರಿಸಿ ತಂದ, ಉಗುರಿನಷ್ಟೂ ಇಲ್ಲದ ಕಡ್ಡಿಯಂಥ ಸೀಗಡಿಗಳ ಹುಚ್ಚು ಹಿಡಿಯಿತು. ಶಾಸ್ತ್ರಜ್ಞರು ಇವನ್ನೆಲ್ಲ ಕ್ಯಾಪ್ರೆಲ್ಲಿಡೇ ಎಂಬ ಒಂದೇ ಕುಟುಂಬದಲ್ಲಿ ತುರುಕಿದ್ದರು. ನನ್ನ ಜೀವಿಯ ದವಡೆಯ ಪಕ್ಕದಲ್ಲೋ ಮೂರು ಗೆಣ್ಣಿನ ಸಣ್ಣ ಮೀಸೆಯೊಂದಿತ್ತು, ಆ ಕುಟುಂಬಕ್ಕೆ ಹೆಸರು ಕೊಟ್ಟ ಕ್ಯಾಪ್ರೆಲ್ಲಾಗಳಿಗೆ ಅದಿಲ್ಲ. ಆದ್ದರಿಂದ ಇದು ಬೇರೆಯೇ ಕುಟುಂಬವೆಂದು ಚೀಟಿ ಅಂಟಿಸಿ, ಸ್ಪಿರಿಟ್ಟಿನಲ್ಲಿಟ್ಟು, ಮೂರು ವರ್ಷ ಕಣ್ಣು ಸವೆಸಿ ಡಾಕ್ಟರೇಟಿಗೆ ಪ್ರಬಂಧ ಬರೆದೆ. ಕರಾವಳಿಯ ಪಂಡಿತರೊಬ್ಬರು ಕಣ್ಣಾರೆ ನೋಡಿ ತೀರ್ಪು ಕೊಡಲು ಡಿಸೆಂಬರಿನಲ್ಲಿ ಮನೆಗೇ ಬಂದರು.

ಬೀರು ತೆರೆದರೆ ಶೀಶೆ ಬೆಳ್ಳಗೆ ಗಟ್ಟಿಯಾಗಿದೆ. ಅರಳಗುಪ್ಪೆಯಿಂದ ಬಂದು ನಮ್ಮೊಂದಿಗಿದ್ದ ಸೋದರತ್ತೆ, "ಒಳಗಿನ್ ನೀರು ಆರೋಗಿತ್ತು ಕಣಪ್ಪ. ಪಾಪ, ಹುಳ ಒಣಗೋಯ್ತದೆ ಅಂತ ನಮ್ ತೋಟದ ಎಣ್ಣೆ ಬುಟ್ಟೆ," ಎಂದರು. ಬಾಣಂತಿಯ ಬೆನ್ನಿನಿಂದ ಬಾಗಿಲ ಕೀಲಿನವರೆಗೆ ನಮ್ಮ ಸೀಮೆಯಲ್ಲಿ ಎಲ್ಲಕ್ಕೂ ಅದೊಂದೇ ಮದ್ದು. ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು ನನಗೆ.

"ಒಗ್ಗರಣೆ ಒಂದು ಬಾಕಿ ಮಾರಾಯ್ರೆ," ಎಂದು ಪಂಡಿತರು ನಕ್ಕರು. ಸಮುದ್ರದ ಗಾಳಿಯೂ ಸುಳಿಯದ ಊರಲ್ಲಿ ಸೀಗಡಿಗೆ ಹೊಸ ಮನೆ ಕಟ್ಟುವ ಬದಲು, ತೆಂಗಿನ ಸುಳಿ ಕೊರೆಯುವ ದುಂಬಿಯನ್ನಾದರೂ ನೋಡಿ ಎಂದು ಉಪದೇಶಿಸಿದರು. ನನಗೆ ಮೈಯೆಲ್ಲ ಉರಿಯಿತು. ಶೀಶೆಯನ್ನು ಅಂಗಳದ ಬಿಸಿಲಿಗಿಟ್ಟೆ. ಎಣ್ಣೆ ಕರಗಿದ ಮೇಲೆ ಜೀವಿಯನ್ನು ಸೂಕ್ಷ್ಮದರ್ಶಕದ ಕೆಳಗೆ ಇಟ್ಟರೆ, ಎಣ್ಣೆ ಕುಡಿದ ಚಿಪ್ಪು ಗಾಜಿನಂತೆ ತಿಳಿಯಾಗಿ, ನಾನು ಮೂರು ವರ್ಷ ತಡಕಾಡಿ ನೋಡಿದ್ದ ಮೀಸೆ ಗೆಣ್ಣು ಎಣಿಸುವಷ್ಟು ಸ್ಪಷ್ಟವಾಗಿತ್ತು.

ಪಂಡಿತರು ಬಹಳ ಹೊತ್ತು ಬಗ್ಗಿ ನೋಡಿದರು. "ಉಂಟು," ಎಂದರು. "ಆದ್ರೂ ಹಳೇ ಕುಟುಂಬಕ್ಕೇ ಸೇರಿಸಿ. ಚೀಟಿ ಬದಲಿಸಿದ್ರೆ ನಾನು ಪ್ರಬಂಧಕ್ಕೆ ಸಹಿ ಹಾಕ್ತೇನೆ."

ಕಾಫಿ ತಂದಿಟ್ಟ ಅತ್ತೆ ನನ್ನ ಕಡೆ ತಿರುಗಿ, "ಐತೆ ಅಂತ ಅವ್ರೇ ಅಂದ್ರಲ್ಲಪ್ಪ. ಇರೋದನ್ನ ಇಲ್ಲ ಅಂತ ನೀನ್ಯಾಕೆ ಬರೀಬೇಕು?" ಎಂದರು.

ನಾನು ಬರೆಯಲಿಲ್ಲ. ಹೀಗಾಗಿ ಇಂದಿಗೂ ನನ್ನ ಹೆಸರಿನ ಮುಂದೆ ಡಾಕ್ಟರ್ ಇಲ್ಲ, ತಲೆಯ ಮೇಲೆ ಕೂದಲೂ ಇಲ್ಲ. ಈ ಬೆಳಗ್ಗೆಯೂ ಶೀಶೆ ಹೆಪ್ಪುಗಟ್ಟಿತ್ತು, ಬಿಸಿಲಿಗಿಟ್ಟಿದ್ದೇನೆ. ಚೀಟಿಯ ಶಾಯಿ ಮಾಸಿದಾಗಲೆಲ್ಲ ಅದೇ ಹೆಸರನ್ನು ಅದರ ಮೇಲೇ ಮತ್ತೆ ಬರೆಯುತ್ತೇನೆ, ಪ್ರತಿಸಲವೂ ಒಂಚೂರು ದಪ್ಪಕ್ಷರದಲ್ಲಿ.