ಹಗ್ಗದ ಮೇಲ್ತುದಿಯ ಪುಕ್ಕಲಿ

ಬೆಂಕಿಗುಡ್ಡದ ಕೂಲಿಗಳು ಅವಳನ್ನು ಪುಕ್ಕಲಿ ಎಂದೇ ಕರೆಯುತ್ತಿದ್ದರು. ಅದು ಬೈಗುಳವಲ್ಲ, ಅಲ್ಲಿ ಅದೊಂದು ಹುದ್ದೆಯ ಹಾಗೆ. ಬಾಗಿಲು ಬಡಿದರೆ ಬೆಚ್ಚಿಬೀಳುವವಳು, ಕುದಿಯುವ ಪಾತ್ರೆಯ ಮುಚ್ಚಳ ಕುಣಿದರೂ ಎದೆ ಹಿಡಿದುಕೊಳ್ಳುವವಳು. ಹಗ್ಗ ಹಿಡಿಯುವ ಕೆಲಸಕ್ಕೆ ಅವಳಂಥ ಇನ್ನೊಬ್ಬಳು ಇರಲಿಲ್ಲ.

ಆ ಗುಡ್ಡದ ಬಿರುಕುಗಳಿಂದ ಏಳುವ ನೇರಳೆ ಹೊಗೆಗೆ ಕಂಪನಿಯವರು ಏನೋ ಉದ್ದದ ಹೆಸರಿಟ್ಟಿದ್ದರು. ಕೂಲಿಗಳಿಗೆ ಅದು ನುಂಗುಹೊಗೆ. ಅದು ನುಂಗುತ್ತಿದ್ದದ್ದು ಹೆದರಿಕೆಯನ್ನು. ಒಂದು ಗುಟುಕು ಎಳೆದುಕೊಂಡವನು ಫಿರಂಗಿಯ ಬಾಯಿಗೂ ನಗುತ್ತ ನಡೆಯುತ್ತಾನೆ. ಹಾಗಾಗಿ ದೊರೆಗಳಿಗೆ ಅದು ಬಂಗಾರಕ್ಕಿಂತ ಹೆಚ್ಚು. ಯುದ್ಧ ಬಂತೆಂದರೆ ಹೊಗೆ ತುಂಬಿದ ಗಾಜಿನ ಬುರುಡೆಗಳು ಗಾಡಿಗಟ್ಟಲೆ ಹೋಗುತ್ತಿದ್ದವು. ವಾಪಸು ಬರುವ ಸೈನಿಕರಿಗೆ ಅಷ್ಟು ಗಾಡಿ ಬೇಕಾಗುತ್ತಿರಲಿಲ್ಲ.

ಹೊಗೆಗೆ ಇನ್ನೊಂದು ಚಾಳಿಯಿತ್ತು. ಹಾಲಿನ ವಾಸನೆಗೆ ಬೆಕ್ಕು ಬಂದ ಹಾಗೆ ಅದು ಹೆದರಿದವರ ಕಡೆಗೇ ಹರಿದು ಬರುತ್ತಿತ್ತು. ಗಟ್ಟಿ ಗುಂಡಿಗೆಯವನನ್ನು ಬಿರುಕಿಗೆ ಇಳಿಸಿದರೆ ಬುರುಡೆ ಖಾಲಿ. ಅದಕ್ಕೇ ಕಂಪನಿ ಹುಡುಕಿ ಹುಡುಕಿ ಅಂಜುವವರನ್ನೇ ಇಳಿಸುತ್ತಿತ್ತು. ಮೂಗಿಗೆ ಒದ್ದೆ ಬಟ್ಟೆ, ಸೊಂಟಕ್ಕೆ ಹಗ್ಗ, ಕೈಯಲ್ಲಿ ಗಾಜಿನ ಬುರುಡೆ. ಹೊಗೆ ಬಂದು ಮೈ ಮೂಸುವಾಗ ನಡುಗುವ ಕೈಯಲ್ಲೇ ಅದನ್ನು ಹಿಡಿದು ಬಿರಡೆ ಒತ್ತಬೇಕು. ಬಟ್ಟೆ ಜಾರಿತೋ, ಹೆದರಿಕೆ ಹೋಯಿತು. ಹೆದರಿಕೆ ಹೋದವರು ಹಗ್ಗ ಬಿಚ್ಚಿಕೊಂಡು, ಹಿತ್ತಲಿಗೆ ಹೋದಷ್ಟು ಸಲೀಸಾಗಿ ಬಿರುಕಿನ ತಳದ ಕೆಂಡದ ಕಡೆಗೆ ನಡೆದುಬಿಡುತ್ತಿದ್ದರು.

ಪುಕ್ಕಲಿಯ ಗಂಡ ಹೋದದ್ದು ಹಾಗೆಯೇ. ಆಗ ಮೇಲಿನವರು “ಹೆದರಿಕೆ ಇದೆಯಾ?” ಎಂದು ಕೂಗುವುದು, ಕೆಳಗಿನವರು “ಇದೆ” ಎನ್ನುವುದು ಪದ್ಧತಿ. ಅವನೂ “ಇದೆ, ಇದೆ” ಎನ್ನುತ್ತಲೇ ಇದ್ದ. ಬಾಯಿಗೆ ರೂಢಿಯಾಗಿತ್ತು. ಪುಕ್ಕಲಿ ಎಳೆದಾಗ ಮೇಲೆ ಬಂದದ್ದು ಬರೀ ಹಗ್ಗ. ಕಂಪನಿಯವರು ಅದು ಎಲ್ಲಾದರೂ ಸವೆದಿದೆಯೇ ಎಂದು ತಿರುವಿ ನೋಡಿ ಎತ್ತಿಟ್ಟುಕೊಂಡರು.

ಪುಕ್ಕಲಿ ಅಲ್ಲೇ ಹಗ್ಗದ ರಾಟೆಯ ಬುಡದಲ್ಲಿ ಕೂತುಬಿಟ್ಟಳು. ಧೈರ್ಯ ಬಂದು ಕೂತಳು ಎಂದು ಯಾರಾದರೂ ಹೇಳಿದರೆ ನಂಬಬೇಡಿ, ಹಲ್ಲು ಕಟಕಟ ಎನ್ನುತ್ತಿತ್ತು. ಏಳಲಿಲ್ಲ ಅಷ್ಟೆ. ಅವಳ ಹಿಂದೆ ಉಳಿದವರೂ ಕೂತರು. ಕೆಲಸ ನಿಂತಿತು, ಪದ್ಧತಿ ಬದಲಾಯಿತು. ಈಗ ಕೇಳುವುದು “ಏನು ಹೆದರಿಕೆ?” ಎಂದು. ಕೆಳಗಿನವರು ಪ್ರತಿ ಸಲ ತಮ್ಮದೇ ಹೊಸದೊಂದು ಹೆದರಿಕೆ ಹೇಳಬೇಕು. ಹೇಳದಿದ್ದರೆ ಎಳೆಯುವುದೇ, ಬುರುಡೆ ತುಂಬಲಿ ಬಿಡಲಿ.

ಈಗ ಇಳಿಯುತ್ತಿದ್ದವಳು ಅವಳ ನಾದಿನಿ, ಸತ್ತವನ ತಂಗಿ. ಇಬ್ಬರಿಗೂ ಒಂದೇ ಕೋಣೆ, ಒಂದೇ ಒಲೆ, ಎದ್ದರೆ ಜಗಳ. ಪುಕ್ಕಲಿಗೆ ತನ್ನವರೆಂದು ಉಳಿದವಳು ಅವಳೊಬ್ಬಳೇ.

ಅವತ್ತೂ ಹಗ್ಗ ಇಳಿಯಿತು.

“ಏನು ಹೆದರಿಕೆ?”

“ಕಾಲ ಕೆಳಗಿನ ಕಲ್ಲು ಅಲ್ಲಾಡ್ತಿದೆ, ಅತ್ತಿಗೆ.”

ಸ್ವಲ್ಪ ಬಿಟ್ಟು ಮತ್ತೆ, “ಏನು ಹೆದರಿಕೆ?”

“ನಿನ್ನ ಗೊರಕೆ. ಒಂದಿನ ಛಾವಣಿ ಬೀಳುತ್ತೆ.”

ಪಕ್ಕದ ರಾಟೆಯವರು ನಕ್ಕರು. “ತಮಾಷೆ ಬೇಡ ಕಣೇ. ಸರಿಯಾಗಿ ಹೇಳು,” ಎಂದಳು ಪುಕ್ಕಲಿ.

“ಬಟ್ಟೆ ಒಣಗ್ತಾ ಇದೆ. ಸಾಕಾ?”

ಬಗ್ಗಿ ನೋಡಿದರೆ ಬರೀ ನೇರಳೆ. ಹೊಗೆ ಗುಂಯ್ ಎನ್ನುತ್ತಿತ್ತು. ಪುಕ್ಕಲಿಯ ಕೈ ಹಗ್ಗವನ್ನು ಬಿಗಿ ಮಾಡಿತು.

ಹಿಂದೆ ಬಂದು ನಿಂತಿದ್ದ ಮೇಸ್ತ್ರಿ ಕೇಳಿದ, “ಬುರುಡೆ ತುಂಬಿತೇನೇ?”

“ಇನ್ನೂ ಇಲ್ಲ, ಮೇಸ್ತ್ರಿ.”

“ಮತ್ತೆ ಸುಮ್ಮನಿರು. ನಿನ್ನ ಎದೆ ಡವಗುಟ್ಟಿದಾಗೆಲ್ಲ ಎಳೀತಾ ಕೂತ್ರೆ ಕಂಪನಿ ಉದ್ಧಾರ ಆದ ಹಾಗೇ.”

ಅವಳು ಮತ್ತೆ ಕೂಗಿದಳು. ಈ ಸಲ ಉತ್ತರ ನಿಧಾನವಾಗಿ ಬಂತು, ಹಾಡು ಗುನುಗಿದ ಹಾಗೆ.

“ಒಂದಿನ ಬರೀ ಹಗ್ಗ ಎಳ್ಕೊಂಡು ಮನೆಗೆ ಹೋಗ್ತೀನೇನೋ ಅಂತ ಹೆದರಿಕೆ.”

“ಹೇಳಿದಳಲ್ಲ, ಆಯ್ತಲ್ಲ,” ಎಂದ ಮೇಸ್ತ್ರಿ.

ಪುಕ್ಕಲಿ ಆ ಮಾತನ್ನು ಮನಸ್ಸಿನಲ್ಲೇ ಇನ್ನೊಮ್ಮೆ ಆಡಿಕೊಂಡಳು. ಹಗ್ಗ ಎಳೆಯುವವಳು ತಾನು, ಅವಳಲ್ಲ. ಅದು ಇವತ್ತು ಬೆಳಗ್ಗೆ ಒಲೆ ಊದುತ್ತ ತಾನೇ ಆಡಿದ ಮಾತು. ಹುಡುಗಿಯ ಹತ್ತಿರ ಸ್ವಂತ ಹೆದರಿಕೆ ಮುಗಿದಿದೆ, ಎರವಲು ತಂದು ಹೇಳುತ್ತಿದ್ದಾಳೆ.

ಎಳೆದಳು. ಮೇಸ್ತ್ರಿ ರಟ್ಟೆ ಹಿಡಿದ. ಎಂದೂ ಅವನಿಗೆ ಎದುರು ಮಾತಾಡಿದವಳಲ್ಲ, ಈಗ ಅವನ ಮಣಿಕಟ್ಟಿಗೆ ಬಾಯಿ ಹಾಕಿ ಕಚ್ಚಿದಳು. ಅವನು ಹಾ ಎಂದು ಹಿಂದೆ ಸರಿದ. ಕೆಳಗಿನಿಂದ ಹಗ್ಗ ಜಗ್ಗುತ್ತಿತ್ತು. ಯಾರೋ ಗಂಟು ಬಿಚ್ಚುತ್ತಿರುವಾಗಿನ ಜಗ್ಗು ಅದು, ಅವಳ ಕೈಗೆ ಅದರ ನೆನಪಿತ್ತು. ಪಕ್ಕದ ರಾಟೆಯವರೂ ಓಡಿ ಬಂದು ಕೈ ಹಾಕಿದರು.

ನಾದಿನಿ ಮೇಲೆ ಬಂದಾಗ ಬಟ್ಟೆ ಕುತ್ತಿಗೆಗೆ ಇಳಿದಿತ್ತು, ಸೊಂಟದ ಗಂಟು ಅರ್ಧ ಬಿಚ್ಚಿತ್ತು. ಬುರುಡೆಯಲ್ಲಿ ಏನೂ ಇರಲಿಲ್ಲ. ಮುಖವೋ, ತೊಳೆದಿಟ್ಟ ತಟ್ಟೆಯ ಹಾಗೆ ಖಾಲಿ.

“ಯಾಕೆ ಎಳೆದೆ, ಅತ್ತಿಗೆ? ಕೆಳಗೆ ಎಷ್ಟು ಬೆಚ್ಚಗಿತ್ತು,” ಎಂದವಳೇ ತಿರುಗಿ ಬಿರುಕಿನ ಕಡೆ ಕಾಲಿಟ್ಟಳು. ಎಲ್ಲರೂ ಸೇರಿ ಹಿಡಿದುಕೊಂಡರು.

ಮನೆಗೆ ಹೊತ್ತು ತಂದು ಮಂಚಕ್ಕೆ ಕಟ್ಟಿದರು. ಹೋದ ಹೆದರಿಕೆ ಕೆಲವರಿಗೆ ಮರಳುತ್ತದೆ, ಕೆಲವರಿಗೆ ಇಲ್ಲ. ಯಾರಿಗೆ, ಯಾವಾಗ ಎಂದು ಗುಡ್ಡದಲ್ಲಿ ಯಾರೂ ಬಲ್ಲವರಿಲ್ಲ. ಪುಕ್ಕಲಿ ಪಕ್ಕದಲ್ಲೇ ಕೂತಳು. ನಾದಿನಿ ಒಲೆಯ ಬೆಂಕಿಯನ್ನು ರೆಪ್ಪೆ ಮಿಟುಕಿಸದೆ ನೋಡುತ್ತಿದ್ದಳು.

ಮಧ್ಯಾಹ್ನ ಕಳೆದ ಮೇಲೆ ಅವಳು ಬಿಕ್ಕಿದಳು. “ಅತ್ತಿಗೆ, ಹೆದರಿಕೆ ಆಗ್ತಿದೆ. ಅಣ್ಣನ ಹಾಗೆ ನಾನೂ ಹೋಗ್ಬಿಡ್ತಿದ್ದೆ. ಬಿಚ್ಚು, ಕೈ ನೋಯ್ತಿದೆ.”

ಕಣ್ಣಲ್ಲಿ ನೀರಿತ್ತು, ದನಿ ನಡುಗುತ್ತಿತ್ತು. ಪುಕ್ಕಲಿ ಗಂಟಿಗೆ ಕೈ ಹಾಕಿದಳು. ಒಂದು ಎಳೆ ಸಡಿಲವೂ ಆಯಿತು. ಆಮೇಲೆ ಏನೋ ಅನ್ನಿಸಿ ಹುಡುಗಿಯ ಅಂಗೈ ಮುಟ್ಟಿದಳು. ಒಣಗಿದ ಹಲಗೆಯಂತಿತ್ತು. ನಾಡಿ ನಿದ್ದೆಯಲ್ಲಿರುವ ಕೂಸಿನ ಹಾಗೆ ನಿಧಾನ ಹೊಡೆಯುತ್ತಿತ್ತು. ಹೆದರಿದವರ ಮೈ ಹೇಗಿರುತ್ತದೆಂದು ಅವಳಿಗೆ ಬೇರೆಯವರು ಹೇಳಬೇಕೇ?

ಎಳೆ ಮತ್ತೆ ಬಿಗಿಯಿತು. ಅದರ ಮೇಲೆ ಇನ್ನೊಂದು ಗಂಟು ಬಿತ್ತು.

“ನಾಳೆ ನೋಡೋಣ.”

“ಬಿಚ್ಚೇ, ಪುಕ್ಕಲಿ,” ಎಂದಳು ನಾದಿನಿ. ಅಳು ನಿಂತುಹೋಗಿತ್ತು. ನಗುತ್ತಿದ್ದಳು.

ಪುಕ್ಕಲಿ ಒಲೆಗೆ ನೀರು ಸುರಿದಳು. ಚಾಕು, ಕತ್ತರಿ ಎರಡನ್ನೂ ಕಿಟಕಿಯಿಂದ ಹೊರಗೆಸೆದಳು. ಆಮೇಲೆ ಬಾಗಿಲಿಗೆ ಬೆನ್ನು ಕೊಟ್ಟು ಕೂತಳು, ಮೈಯೆಲ್ಲ ಬೆವೆತು, ಆ ನಗುವನ್ನೇ ನೋಡುತ್ತ.